ನಿಲ್ಲಿಸುವ ಕೈ

ಕ್ರಮ, ಆವರ್ತನೆ, ಅಂಕೆ ಎಂಬ ಮೂರು ಮಾತುಗಳನ್ನು ನಾವು ದಿನಬಳಕೆಯಲ್ಲಿ ಒಂದರ ಜಾಗದಲ್ಲಿ ಇನ್ನೊಂದನ್ನಿಟ್ಟು ಆಡುವುದುಂಟು. ಮನೆಯಲ್ಲಿ ಎಲ್ಲವೂ ಕ್ರಮವಾಗಿದೆ ಎಂದರೆ ಮಕ್ಕಳು ಅಂಕೆಯಲ್ಲಿದ್ದಾರೆ ಎಂದು ತಿಳಿಯುತ್ತೇವೆ. ಅದೇ ಹೊತ್ತಿಗೆ ಅದೇ ಕೆಲಸ ದಿನವೂ ನಡೆದರೆ ಶಿಸ್ತು ಎಂದು ಮೆಚ್ಚುತ್ತೇವೆ. ನಿಜವಾಗಿ ನೋಡಿದರೆ ಕ್ರಮ ಬೇರೆ, ಅದನ್ನು ಮತ್ತೆ ಮತ್ತೆ ನಡೆಸಿಕೊಂಡು ಬರುವುದು ಬೇರೆ, ಅದು ನಡೆಯಲೇಬೇಕೆಂದು ಇನ್ನೊಬ್ಬರ ಹೆಗಲ ಮೇಲೆ ಕೈಯಿಟ್ಟು ಒತ್ತುವುದು ಬೇರೆ. ಈ ಬೇರೆತನದ ಬಗೆಗೆ ನಾನು ಯೋಚಿಸತೊಡಗಿದ್ದು ಕಥೆಯೂ ಇಲ್ಲದ, ಹೆಚ್ಚು ಮಾತೂ ಇಲ್ಲದ, ಹತ್ತು ನಿಮಿಷವೂ ಮೀರದ ಕೆಲವು ಕಿರುಚಿತ್ರಗಳನ್ನು ನೋಡಿದ ಮೇಲೆ. ಪ್ರಯೋಗಶೀಲ ಚಿತ್ರಗಳೆಂದು ಕರೆಸಿಕೊಳ್ಳುವ ಇವು ಪಟ್ಟಣದ ಪಂಡಿತರಿಗೆ ಮಾತ್ರ ಸಲ್ಲುವ ಸರಕು ಎಂಬ ಭಾವನೆ ನಮ್ಮಲ್ಲಿದೆ. ಹಾಗೇನೂ ಇಲ್ಲ. ಗಿರಣಿ, ಮಗ್ಗ, ಶಾಲೆ, ಜಾತ್ರೆಗಳನ್ನು ಕಂಡವರಿಗೆಲ್ಲ ಅವುಗಳ ವಿಷಯ ಗೊತ್ತೇ ಇದೆ.

ನಾನು ಆದೋನಿಯ ಕಡೆಯವನು. ನಮ್ಮ ಹಿರಿಯರ ಬಾಯಲ್ಲಿ ಅದು ಆದವಾನಿ. 1953ರ ಅಕ್ಟೋಬರ್ 1ರಂದು ಆಂಧ್ರ ರಾಜ್ಯ ಹುಟ್ಟಿದಾಗ, ಅಲ್ಲಿಯವರೆಗೆ ಬಳ್ಳಾರಿ ಜಿಲ್ಲೆಯಲ್ಲಿದ್ದ ಆದೋನಿ, ಆಲೂರು, ರಾಯದುರ್ಗ ತಾಲ್ಲೂಕುಗಳು ಆ ರಾಜ್ಯಕ್ಕೆ ಸೇರಿದವು. ಆದೋನಿಯೂ ಆಲೂರೂ ಕರ್ನೂಲು ಜಿಲ್ಲೆಯ ಪಡುವಣ ಅಂಚಾದವು. ಮೂರು ವರ್ಷಗಳ ಬಳಿಕ, 1956ರ ನವೆಂಬರ್ 1ರಂದು, ಕಾಸರಗೋಡು ಕೇರಳಕ್ಕೆ ಸೇರಿತು. ಈ ಸಂಚಿಕೆಯ ಓದುಗರಿಗೂ ನಮಗೂ ನಡುವೆ ಘಟ್ಟವಿದೆ, ಬಯಲಿದೆ, ಒಂದು ರಾಜ್ಯವೇ ಅಡ್ಡ ಮಲಗಿದೆ. ಆದರೂ ಮನೆಯಲ್ಲಿ ಒಂದು ಭಾಷೆ, ಕಚೇರಿಯಲ್ಲಿ ಇನ್ನೊಂದು ಭಾಷೆ ಎಂಬ ಬಾಳು ಇಬ್ಬರದ್ದೂ ಒಂದೇ. ಆ ಸಲಿಗೆಯಿಂದ ನಮ್ಮೂರಿನ ಮಾತನ್ನು ಇಲ್ಲಿ ಆಡುತ್ತಿದ್ದೇನೆ.

ಆದೋನಿ ಹತ್ತಿಯ ಊರು. ಮಾರುಕಟ್ಟೆಯ ಅಂಗಳದಲ್ಲಿ ಹತ್ತಿಯ ಬೆಟ್ಟ ಬೀಳುವ ದಿನಗಳಲ್ಲಿ ಊರಿಡೀ ನವಿರು ಧೂಳು ಹಾರುತ್ತದೆ. ನನ್ನ ಚಿಕ್ಕಮ್ಮ ಒಂದು ಜಿನ್ನಿಂಗ್ ಮಿಲ್ಲಿನಲ್ಲಿ ಕೂಲಿ ಮಾಡುತ್ತಿದ್ದಳು. ಜಿನ್ನಿನ ಕೆಲಸ ಹೇಳಲು ಸುಲಭ. ಬೀಜ ಸಮೇತವಾದ ಹತ್ತಿಯನ್ನು ಯಂತ್ರಕ್ಕೆ ಊಡಬೇಕು. ಉರುಳೆ ಎಳೆಯನ್ನು ಹಿಡಿದೆಳೆಯುತ್ತದೆ, ಅಲಗು ಬೀಜವನ್ನು ತಡೆಯುತ್ತದೆ. ಅರಳೆ ಒಂದು ಕಡೆ ಜಾರುತ್ತದೆ, ಹತ್ತಿಕಾಳು ಇನ್ನೊಂದು ಕಡೆ ಉದುರುತ್ತದೆ. ಕೊನೆಗೆ ಅರಳೆಯನ್ನು ಒತ್ತಿ ಕಟ್ಟಿದರೆ ನೂರೆಪ್ಪತ್ತು ಕಿಲೋದ ಬೇಲು. ಊಡುವ ಕೈಗೆ ಮಾತ್ರ ಮೊದಲಿಲ್ಲ, ಕೊನೆಯಿಲ್ಲ. ಬಗ್ಗುವುದು, ಬಾಚುವುದು, ಹಾಕುವುದು, ಮತ್ತೆ ಬಗ್ಗುವುದು. ಯಂತ್ರದ ವೇಗಕ್ಕೆ ಕೈ ಹೊಂದಿಕೊಳ್ಳಬೇಕೇ ಹೊರತು ಕೈಯ ವೇಗಕ್ಕೆ ಯಂತ್ರ ಹೊಂದುವುದಿಲ್ಲ. ರಾತ್ರಿ ಮಲಗಿದ ಮೇಲೂ ಅವಳ ಬಲಗೈ ಹಾಸಿಗೆಯ ಮೇಲೆ ಅದೇ ತೆರದಲ್ಲಿ ಅಲುಗುವುದನ್ನು ನಾವು ಮಕ್ಕಳು ನೋಡಿದ್ದೆವು.

ಚಲನಚಿತ್ರವೆಂಬುದು ಹುಟ್ಟಿದ್ದೂ ಒಂದು ಕಾರ್ಖಾನೆಯ ಬಾಗಿಲಲ್ಲೇ ಎಂದು ತಿಳಿದಾಗ ನನಗೆ ಆಶ್ಚರ್ಯವಾಗಲಿಲ್ಲ. 1895ರಲ್ಲಿ ಫ್ರಾನ್ಸಿನ ಲಿಯೋನ್ ನಗರದಲ್ಲಿ ಲೂಮಿಯೇರ್ ಸಹೋದರರು ತಮ್ಮ ಕಾರ್ಖಾನೆಯ ಕೆಲಸಗಾರರು ಬಾಗಿಲಿನಿಂದ ಹೊರಬರುವುದನ್ನು ಚಿತ್ರಿಸಿದರು. ಅದೇ ವರ್ಷ ಡಿಸೆಂಬರ್ 28ರಂದು ಪ್ಯಾರಿಸ್ಸಿನಲ್ಲಿ ಹಣ ಕೊಟ್ಟು ಬಂದವರ ಮುಂದೆ ಅದನ್ನು ತೋರಿಸಿದರು. ಒಂದು ನಿಮಿಷವೂ ಇಲ್ಲದ ಆ ಚಿತ್ರಕ್ಕೆ ಮೂರು ಪಾಠಗಳಿವೆ. ಒಡೆಯರ ಕ್ಯಾಮೆರಾದ ಮುಂದೆ ಕೆಲಸಗಾರರು ಮತ್ತೆ ಮತ್ತೆ ಹೊರಬಂದಿದ್ದಾರೆ ಎಂದಾಯಿತು. ಜನ ದಿನವೂ ಮಾಡುವ ಒಂದು ಕೆಲಸ; ಅದನ್ನು ಹೀಗೆಯೇ ಮಾಡಿ ಎಂಬ ಅಪ್ಪಣೆ; ಸರಿಬರುವತನಕ ಮರುಕಳಿಕೆ. ನಾವು ಚರ್ಚಿಸುತ್ತಿರುವ ಮೂರೂ ಸಂಗತಿಗಳು ಚಲನಚಿತ್ರದ ತೊಟ್ಟಿಲಲ್ಲೇ ಇದ್ದವು.

ನಮ್ಮೂರಿನ ಟಾಕೀಸುಗಳಲ್ಲಿ ಅಂಕೆಯ ಇನ್ನೊಂದು ಮುಖ ಕಾಣುತ್ತಿತ್ತು. ದೊಡ್ಡ ಚಿತ್ರ ಶುರುವಾಗುವ ಮೊದಲು ಸರ್ಕಾರದ ವಾರ್ತಾಚಿತ್ರವೋ ಸಾಕ್ಷ್ಯಚಿತ್ರವೋ ಬರಲೇಬೇಕು. ಅಣೆಕಟ್ಟು, ಗೊಬ್ಬರದ ಕಾರ್ಖಾನೆ, ಮಂತ್ರಿಗಳು ರಿಬ್ಬನ್ ಕತ್ತರಿಸುವುದು, ಹಿನ್ನೆಲೆಯಲ್ಲಿ ಒಂದೇ ಗತಿಯ ಗಂಭೀರ ದನಿ. ಅದು ಶುರುವಾದ ಕೂಡಲೇ ನೆಲದ ಕ್ಲಾಸಿನ ಅರ್ಧ ಜನ ಬೀಡಿ ಹಚ್ಚಲು, ಚಹಾ ಕುಡಿಯಲು ಹೊರಗೆ ನಡೆಯುತ್ತಿದ್ದರು. ಚಿಕ್ಕಮ್ಮನೂ ಎದ್ದು ಹೋಗಿ ಬಾಗಿಲ ಬಳಿ ಎಲೆಯಡಿಕೆ ಹಾಕುತ್ತಾ ನಿಲ್ಲುತ್ತಿದ್ದಳು. ದುಡ್ಡು ಕೊಟ್ಟು ಬಂದು ಯಾಕೆ ಎದ್ದು ಹೋಗುತ್ತೀ ಎಂದು ನಾನೊಮ್ಮೆ ಕೇಳಿದೆ. "ನನ್ನ ಕೇಳಿ ಹಾಕ್ಯಾರೇನಪ್ಪಾ ಅದನ್ನ?" ಎಂದಳು. ಅಂದು ಅದು ನನಗೆ ತಮಾಷೆಯ ಮಾತಾಗಿ ಕೇಳಿಸಿತು.

ಆ ಕಡ್ಡಾಯದ ಹಿಂದೆ ಒಂದು ಚರಿತ್ರೆಯಿದೆ. ಎರಡನೆಯ ಮಹಾಯುದ್ಧದ ನಡುವೆ, 1943ರಲ್ಲಿ, ಬ್ರಿಟಿಷ್ ಸರ್ಕಾರ ಭಾರತ ರಕ್ಷಣಾ ನಿಯಮಗಳ ಅಡಿಯಲ್ಲಿ ಎಲ್ಲ ಚಿತ್ರಮಂದಿರಗಳೂ ಯುದ್ಧಪ್ರಚಾರದ ಚಿತ್ರಗಳನ್ನು ತೋರಿಸಲೇಬೇಕೆಂದು ವಿಧಿಸಿತು. ಯುದ್ಧ ಮುಗಿದ ಮೇಲೆ ಆ ಏರ್ಪಾಟು ನಿಂತಿತು. ಸ್ವಾತಂತ್ರ್ಯ ಬಂದು 1948ರಲ್ಲಿ ಫಿಲ್ಮ್ಸ್ ಡಿವಿಜನ್ ಸ್ಥಾಪನೆಯಾದಾಗ ಅದೇ ಕಡ್ಡಾಯ ಹೊಸ ಉಡುಪಿನಲ್ಲಿ ಮರಳಿತು. ಮಂಜೂರಾದ ಚಿತ್ರವನ್ನು ತೋರಿಸುವುದು ಟಾಕೀಸಿನ ಪರವಾನಗಿಯ ಷರತ್ತಾಯಿತು. ಅದಕ್ಕಾಗಿ ಮಾಲೀಕರು ನಿವ್ವಳ ಗಳಿಕೆಯ ನೂರಕ್ಕೆ ಒಂದರಷ್ಟನ್ನು ಬಾಡಿಗೆಯೆಂದು ಕಟ್ಟಬೇಕಾಯಿತು. ಈ ಬಗೆಯ ಕಡ್ಡಾಯ ಜನರ ತಿಳಿವಳಿಕೆಯನ್ನು ಹೆಚ್ಚಿಸುತ್ತದೆಯೇ ಹೊರತು ವಾಕ್ ಸ್ವಾತಂತ್ರ್ಯಕ್ಕೆ ಅಡ್ಡಿಯಲ್ಲವೆಂದು 1999ರಲ್ಲಿ ಸರ್ವೋಚ್ಚ ನ್ಯಾಯಾಲಯವೂ ಎತ್ತಿಹಿಡಿಯಿತು. 2022ರಲ್ಲಿ ಫಿಲ್ಮ್ಸ್ ಡಿವಿಜನ್ನಿನ ಕೆಲಸಗಳನ್ನು ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮಕ್ಕೆ ವಹಿಸಲಾಯಿತು. ನೆಲದ ಕ್ಲಾಸಿನವರ ತೀರ್ಪು ಮಾತ್ರ ಮೊದಲಿನಿಂದಲೂ ಬೇರೆಯೇ ಆಗಿತ್ತು. ಅವರು ವಾದ ಮಾಡಲಿಲ್ಲ, ಎದ್ದು ಹೊರಗೆ ಹೋದರು.

ಸೋಜಿಗವೆಂದರೆ ಅದೇ ಸರ್ಕಾರಿ ಗಿರಣಿಯೊಳಗೆ ಕೆಲಕಾಲ ಬೇರೊಂದು ಗಾಳಿಯೂ ಬೀಸಿತು. ಅರವತ್ತರ ದಶಕದ ನಡುವಿನಲ್ಲಿ ಜೀನ್ ಭಾವನಗರಿ ಅವರು ಮುಖ್ಯ ನಿರ್ಮಾಪಕರಾಗಿದ್ದಾಗ ಎಳೆಯ ನಿರ್ದೇಶಕರಿಗೆ ಹೊಸದನ್ನು ಮಾಡಿನೋಡಲು ಎಡೆ ದೊರೆಯಿತು. ಎಸ್.ಎನ್.ಎಸ್. ಶಾಸ್ತ್ರಿ ಅವರ 'ಐ ಆ್ಯಮ್ ಟ್ವೆಂಟಿ' 1967ರಲ್ಲಿ ಬಂತು. ಸ್ವಾತಂತ್ರ್ಯದ ವರ್ಷವೇ ಹುಟ್ಟಿದ ತರುಣ ತರುಣಿಯರನ್ನು ಕೂರಿಸಿ ದೇಶದ ಬಗ್ಗೆ ಕೇಳಿದ ಚಿತ್ರವದು. ಹಿನ್ನೆಲೆಯ ಗಂಭೀರ ದನಿ ಹಿಂದೆ ಸರಿದು, ಒಪ್ಪುವವರೂ ಒಪ್ಪದವರೂ ತಮ್ಮ ಬಾಯಿಂದಲೇ ಮಾತಾಡಿದರು. ಪ್ರಮೋದ್ ಪತಿ ಅವರ 'ಎಕ್ಸ್‌ಪ್ಲೋರರ್' 1968ರದು. ಕುಣಿತ, ಪೂಜೆ, ಪ್ರಯೋಗಶಾಲೆ, ಮುಖಗಳು ಕಣ್ಣು ಮಿಟುಕಿಸುವಷ್ಟರಲ್ಲಿ ಹಾದುಹೋಗುವ, ವಿವರಣೆಯೇ ಇಲ್ಲದ ಚಿತ್ರ. 1972ರ 'ಆಬಿದ್' ಚಿತ್ರದಲ್ಲಿ ಕಲಾವಿದ ಆಬಿದ್ ಸುರತಿ ಒಂದು ಕೋಣೆಯೊಳಗೆ ಬಣ್ಣ ಬಳಿಯುತ್ತಾರೆ. ಮನುಷ್ಯನನ್ನು ಒಂದೊಂದೇ ಚೌಕಟ್ಟಿನಲ್ಲಿ ನಿಲ್ಲಿಸಿ ತೆಗೆದು ಗೊಂಬೆಯಂತೆ ಚಲಿಸುವ ಹಾಗೆ ಮಾಡಿದ ಚಿತ್ರವದು. ಜನರನ್ನು ಒಂದೇ ದಿಕ್ಕಿಗೆ ನಡೆಸಲು ಕಟ್ಟಿದ ಕಚೇರಿಯಿಂದಲೇ, ಮನುಷ್ಯ ಹೇಗೆ ಗೊಂಬೆಯಾಗುತ್ತಾನೆಂದು ತೋರಿಸುವ ಚಿತ್ರ ಹೊರಬಂದಿತು. ಬಹಳ ದಿನ ಇದು ನಡೆಯಲಿಲ್ಲ. 1975ರಲ್ಲಿ ತುರ್ತುಪರಿಸ್ಥಿತಿ ಬಂದಾಗ ಅದೇ ಸಂಸ್ಥೆ ಸರ್ಕಾರದ ತುತ್ತೂರಿಯಾಯಿತು. ಮೇಲಿನವರು ಕೊಟ್ಟ ಸಡಿಲವನ್ನು ಮೇಲಿನವರೇ ಹಿಂತೆಗೆದುಕೊಳ್ಳಬಲ್ಲರು ಎಂಬುದು ಇಲ್ಲಿ ಮನಸ್ಸಿನಲ್ಲಿಡಬೇಕಾದ ಮಾತು.

ನನ್ನ ಯೋಚನೆಗೆ ರೂಪ ಕೊಟ್ಟ ಎರಡು ಚಿತ್ರಗಳು ಮಾತ್ರ ಹೊರನಾಡಿನವು. ಒಂದು ಚಿತ್ರಸಮಾಜದ ಪ್ರದರ್ಶನಗಳಲ್ಲಿ ಅವನ್ನು ನೋಡಿದೆ. ಮೊದಲನೆಯದು ಹಾಲೆಂಡಿನ ಬರ್ಟ್ ಹಾನ್ಸ್ತ್ರಾ 1958ರಲ್ಲಿ ಮಾಡಿದ 'ಗ್ಲಾಸ್'. ಗಾಜಿನ ಕಾರ್ಖಾನೆಯ ಚಿತ್ರ. ಒಂದೆಡೆ ಮುದುಕರೂ ನಡುವಯಸ್ಕರೂ ಕೊಳವೆಯ ತುದಿಯ ಕೆಂಪು ಗಾಜಿಗೆ ಉಸಿರೂದಿ ಹೂಜಿ, ಲೋಟ ಮಾಡುತ್ತಾರೆ. ಅವರ ಕೆನ್ನೆ ಉಬ್ಬುವುದು ನಮ್ಮ ಮೌರಿಯವರ, ಓಲಗದವರ ಕೆನ್ನೆಯಂತೆಯೇ. ಇನ್ನೊಂದೆಡೆ ಯಂತ್ರ ಸಾಲುಸಾಲಾಗಿ ಸೀಸೆಗಳನ್ನು ಉಗುಳುತ್ತದೆ. ಸೀಸೆಗಳನ್ನು ಎತ್ತಿಡುವ ಯಂತ್ರದ ತೋಳಿಗೆ ಒಮ್ಮೆ ಕತ್ತು ಮುರಿದ ಸೀಸೆಯೊಂದು ಎದುರಾಗುತ್ತದೆ. ತೋಳು ಬರಿಯ ಗಾಳಿಯನ್ನು ಹಿಡಿದು ಎತ್ತುತ್ತದೆ. ಮುರಿದ ಸೀಸೆ ಅಲ್ಲೇ ಉಳಿಯುತ್ತದೆ. ಹಿಂದೆ ಬಂದವು ಅದಕ್ಕೆ ತಾಗಿ ಒಂದೊಂದಾಗಿ ಬಿದ್ದು ಒಡೆಯುತ್ತವೆ. ಯಂತ್ರಕ್ಕೆ ಅದರ ಅರಿವಿಲ್ಲ. ಅದು ಎಂದಿನ ತಾಳದಲ್ಲಿ ಗಾಳಿಯನ್ನು ಎತ್ತುತ್ತಲೇ ಇದೆ. ಕೊನೆಗೆ ಒಬ್ಬ ಮನುಷ್ಯ ಬಂದು ಆ ಮುರುಕನ್ನು ಕೈಯಿಂದ ತೆಗೆದೆಸೆಯುತ್ತಾನೆ. ಸಾಲು ಮತ್ತೆ ಸರಿಹೋಗುತ್ತದೆ.

ಆ ಕೈ ತೆರೆಯ ಮೇಲೆ ಇರುವುದು ಕೆಲವೇ ಕ್ಷಣ. ಆದರೂ ಚಿತ್ರವೆಲ್ಲ ಅದಕ್ಕಾಗಿ ಕಾದಿತ್ತೇನೋ ಅನ್ನಿಸುತ್ತದೆ. ಉಸಿರೂದುವ ಮುದುಕನೂ ದಿನಕ್ಕೆ ಎಷ್ಟೋ ಸಲ ಒಂದೇ ಕೆಲಸವನ್ನು ಮಾಡುತ್ತಾನೆ. ಅವನದ್ದೂ ಆವರ್ತನೆಯೇ. ಗಾಜು ಹದಗೆಟ್ಟರೆ ಅವನು ಉಸಿರನ್ನು ತಡೆಯಬಲ್ಲ, ಕೊಳವೆಯನ್ನು ತಿರುಗಿಸಿ ಮತ್ತೆ ಬೆಂಕಿಗೊಡ್ಡಬಲ್ಲ. ಯಂತ್ರ ಹಾಗೆ ಮಾಡಲಾರದು. ಹಾಗಾದರೆ ತಪ್ಪಿರುವುದು ಮರುಕಳಿಕೆಯಲ್ಲೇನೂ ಅಲ್ಲ. ಒಡಕು ಕಂಡಾಗ ನಿಲ್ಲಿಸಬಲ್ಲವರು ಯಾರಾದರೂ ಅಲ್ಲಿದ್ದಾರೆಯೇ ಎಂಬುದೇ ಕೇಳಬೇಕಾದ ಪ್ರಶ್ನೆ.

ಎರಡನೆಯದು ಪೋಲೆಂಡಿನ ಜ್ಬಿಗ್ನಿಯೆವ್ ರಿಬ್‌ಚಿನ್‌ಸ್ಕಿ 1980ರಲ್ಲಿ ಮಾಡಿದ ಎಂಟು ನಿಮಿಷದ 'ಟ್ಯಾಂಗೋ'. ಒಂದು ಸಾಧಾರಣ ಕೋಣೆ. ಕಿಟಕಿಯಿಂದ ಒಂದು ಚೆಂಡು ಒಳಗೆ ಬೀಳುತ್ತದೆ. ಹುಡುಗನೊಬ್ಬ ಹತ್ತಿ ಬಂದು ಚೆಂಡನ್ನೆತ್ತಿಕೊಂಡು ಹೋಗುತ್ತಾನೆ. ಮತ್ತೆ ಚೆಂಡು, ಮತ್ತೆ ಹುಡುಗ. ಅಷ್ಟರಲ್ಲಿ ಮಗುವನ್ನೆತ್ತಿದ ತಾಯಿ ಬರುತ್ತಾಳೆ. ಗಂಟು ಕದಿಯುವ ಕಳ್ಳ ಬರುತ್ತಾನೆ. ಒಬ್ಬೊಬ್ಬರೂ ತಮ್ಮ ಪುಟ್ಟ ಕೆಲಸವನ್ನು ಮಾಡಿ ಹೋಗಿ ಮತ್ತೆ ಅದನ್ನೇ ಮಾಡಲು ಬರುತ್ತಾರೆ. ಹೀಗೆ ಕೋಣೆಯಲ್ಲಿ ಮೂವತ್ತಾರು ಪಾತ್ರಗಳಾಗುತ್ತವೆ. ಕಾಲಿಡಲು ಜಾಗವಿಲ್ಲ, ಆದರೂ ಯಾರ ಮೈಯೂ ಯಾರಿಗೂ ತಾಗುವುದಿಲ್ಲ, ಯಾರೂ ಯಾರನ್ನೂ ನೋಡುವುದಿಲ್ಲ. ಬಳಿಕ ಒಬ್ಬೊಬ್ಬರಾಗಿ ಮರೆಯಾಗುತ್ತಾರೆ. ಉಳಿದ ಮುದುಕಿ ಒಳಗೆ ಬಿದ್ದ ಚೆಂಡನ್ನು ಎತ್ತಿಕೊಂಡು ಹೊರನಡೆಯುತ್ತಾಳೆ. ಬೇರೊಬ್ಬರ ವಸ್ತುವನ್ನು ಕೈಯಲ್ಲಿ ಹಿಡಿದು ನೋಡುವವರು ಕೊನೆಗೆ ಅವಳೊಬ್ಬಳೇ. ಈ ಚಿತ್ರಕ್ಕಾಗಿ ನಿರ್ದೇಶಕರು ಸುಮಾರು 16,000 ಹಾಳೆಗಳನ್ನು ಕೈಯಿಂದ ಬರೆದು, ದಿನಕ್ಕೆ ಹದಿನಾರು ಗಂಟೆಯಂತೆ ಏಳು ತಿಂಗಳು ದುಡಿದರಂತೆ. 1983ರಲ್ಲಿ ಅದಕ್ಕೆ ಅಮೆರಿಕದ ಆಸ್ಕರ್ ಪ್ರಶಸ್ತಿ ಬಂತು. ಅದೇ ರಾತ್ರಿ ಸಿಗರೇಟು ಸೇದಲು ಹೊರಗೆ ಬಂದ ಅವರನ್ನು ಕಾವಲಿನವರು ಮತ್ತೆ ಒಳಗೆ ಬಿಡಲಿಲ್ಲ. ಜಗಳವಾಗಿ ಪೊಲೀಸರ ವಶವಾದರು. ಇದನ್ನು ಓದಿದಾಗ ನಮ್ಮೂರ ಟಾಕೀಸಿನ ಬೀಡಿಯವರು ನೆನಪಾದರು. ಹೊರಗೆ ಹೋದವರಿಗೆ ಮರಳಿ ಬರಲು ಬಾಗಿಲು ತೆರೆದಿರುವುದೂ ಒಂದು ಸಣ್ಣ ಸ್ವಾತಂತ್ರ್ಯವೇ.

ಈ ಎರಡು ಚಿತ್ರಗಳು ಕೊಟ್ಟ ಕಣ್ಣಿನಿಂದ ನಮ್ಮ ಸೀಮೆಯನ್ನು ನೋಡಿದರೆ ಏನು ಕಾಣುತ್ತದೆ? ಆದೋನಿಯಿಂದ ಸ್ವಲ್ಪ ದೂರದಲ್ಲಿ ಎಮ್ಮಿಗನೂರು ಇದೆ. 1938ರಲ್ಲಿ ಮಾಚಾನಿ ಸೋಮಪ್ಪನವರು ಅಲ್ಲಿ ನೇಕಾರರ ಸಹಕಾರ ಸಂಘವನ್ನು ಕಟ್ಟಿದರು. ಮಗ್ಗದ ಮುಂದೆ ಕುಳಿತವನ ಕೆಲಸ ಜಿನ್ನಿನ ಕೆಲಸಕ್ಕಿಂತ ಕಡಿಮೆ ಮರುಕಳಿಕೆಯದ್ದೇನಲ್ಲ. ಲಾಳಿ ಬಲಕ್ಕೆ, ಲಾಳಿ ಎಡಕ್ಕೆ. ಒಂದು ಮೊಳ ಬಟ್ಟೆಗೆ ಎಷ್ಟು ಸಲವೋ. ಆದರೆ ಹಾಸಿನಲ್ಲಿ ಒಂದು ಎಳೆ ತುಂಡಾಯಿತೆನ್ನಿ. ನೇಕಾರನ ಕೈ ತಾನಾಗಿ ನಿಲ್ಲುತ್ತದೆ. ಬಗ್ಗಿ ಎಳೆಯನ್ನು ಹುಡುಕುತ್ತಾನೆ, ಬೆರಳು ತುದಿಯಲ್ಲಿ ಹೊಸೆದು ಗಂಟು ಹಾಕುತ್ತಾನೆ, ಮತ್ತೆ ಲಾಳಿ ಓಡುತ್ತದೆ. ಆ ನಿಲುಗಡೆ ಕೆಲಸಕ್ಕೆ ಬಂದ ಅಡ್ಡಿಯಲ್ಲ, ಅದೂ ನೇಯ್ಗೆಯ ಒಂದು ಭಾಗ. ನೇಕಾರರ ಬಡತನವನ್ನು ನಾನು ಮರೆತಿಲ್ಲ, ಮಗ್ಗವನ್ನು ಸ್ವರ್ಗವೆಂದೂ ಹೇಳುತ್ತಿಲ್ಲ. ನಿಲ್ಲಿಸುವ ಕೈ, ದುಡಿಯುವ ಕೈ ಎರಡೂ ಅಲ್ಲಿ ಒಬ್ಬನವೇ ಎಂಬುದಷ್ಟೇ ನನ್ನ ಮಾತು. ಜಿನ್ನಿನಲ್ಲಿ ಊಡುವವಳು ಒಬ್ಬಳು. ಗುಂಡಿ ಒತ್ತುವವನು ಇನ್ನೊಬ್ಬ.

ಗುಂಡಿಯೇ ಕಣ್ಣಿಗೆ ಬೀಳದ ಆವರ್ತನೆಗಳೂ ಇವೆ. ಕೋಸಿಗಿ, ಕೌತಾಳ, ಆಲೂರು, ಪತ್ತಿಕೊಂಡ ಕಡೆಗಳಿಂದ ಮಳೆ ಕೈಕೊಟ್ಟ ವರ್ಷಗಳಲ್ಲಿ ಮನೆಮನೆಗಳೇ ಬಾಗಿಲಿಗೆ ಬೀಗ ಹಾಕಿ ಗುಂಟೂರಿನ ಮೆಣಸಿನಕಾಯಿ ಹೊಲಗಳಿಗೆ, ತೆಲಂಗಾಣದ ಹತ್ತಿ ಹೊಲಗಳಿಗೆ, ಬೆಂಗಳೂರಿನ ಕಟ್ಟಡಗಳಿಗೆ ಹೊರಡುತ್ತವೆ. ಹೀಗೆ ವಲಸೆ ಹೋಗುವುದಕ್ಕೆ ನಮ್ಮ ಸೀಮೆಯ ತೆಲುಗಿನಲ್ಲೂ ಬಳಕೆಯಾಗುವ ಪದ ನಮ್ಮದೇ 'ಸುಗ್ಗಿ'. ಸುಗ್ಗಿಗೆ ಹೋಗಿದ್ದಾರೆ ಎಂದರೆ ಊರು ಬಿಟ್ಟಿದ್ದಾರೆ ಎಂದರ್ಥ. ಕಣ ತುಂಬುವ ಸಂಭ್ರಮವನ್ನು ಹೇಳುತ್ತಿದ್ದ ಮಾತು ಬೀಗ ಹಾಕಿದ ಬಾಗಿಲನ್ನು ಹೇಳುವಂತಾಯಿತು. ಪ್ರತಿ ವರ್ಷ ಅದೇ ತಿಂಗಳು, ಅದೇ ಗಂಟುಮೂಟೆ, ಶಾಲೆಯ ಹಾಜರಿ ಪುಸ್ತಕದಲ್ಲಿ ಅದೇ ಮಕ್ಕಳ ಹೆಸರಿನ ಮುಂದೆ ಅದೇ ಗೈರುಹಾಜರಿ. ಯಾರೂ ಯಾರಿಗೂ ಅಪ್ಪಣೆ ಮಾಡಿಲ್ಲ, ಯಾರ ಕೈಯಲ್ಲೂ ಚಾಟಿಯಿಲ್ಲ. ಆದರೂ 'ಟ್ಯಾಂಗೋ' ಚಿತ್ರದ ಕೋಣೆಯಂತೆ ಎಲ್ಲರೂ ತಮ್ಮ ತಮ್ಮ ಸುತ್ತನ್ನು ಸುತ್ತುತ್ತಾರೆ. ಅಂಕೆಯೆಂದರೆ ಚಾಟಿ ಹಿಡಿದ ಒಬ್ಬ ದುಷ್ಟ ಎಂದು ಭಾವಿಸಿದರೆ ಇಂಥ ಅಂಕೆ ನಮ್ಮ ಕಣ್ಣಿಗೆ ಬೀಳುವುದೇ ಇಲ್ಲ. ಮಳೆ, ಸಾಲ, ನೀರಿಲ್ಲದ ಕಾಲುವೆ, ಮೇಸ್ತ್ರಿಯ ಮುಂಗಡ ಎಲ್ಲ ಸೇರಿ ಒಂದು ಯಂತ್ರವಾಗಿದೆ. ಮುರಿದ ಸೀಸೆಯನ್ನು ತೆಗೆದೆಸೆಯುವ ಕೈ ಅಲ್ಲಿಗೆ ಇನ್ನೂ ಬಂದಿಲ್ಲ.

ಇಲ್ಲಿ ಒಂದು ಆಕ್ಷೇಪ ಬರಬಹುದು. ಜನ ತಾವಾಗಿ ಒಪ್ಪಿ ನಡೆಸುವ ಆವರ್ತನೆಯಾದರೆ ಅದು ಒಳ್ಳೆಯದೇ, ಹೊರಗಿನವರು ಹೇರಿದ್ದು ಮಾತ್ರ ಕೆಟ್ಟದ್ದು ಎನ್ನಬಹುದಲ್ಲ? ಅಷ್ಟು ಸರಳವಾಗಿಲ್ಲ ಎನ್ನಲು ಹೊಳಗುಂದ ಮಂಡಲದ ದೇವರಗಟ್ಟು ಸಾಕ್ಷಿ. ವಿಜಯದಶಮಿಯ ರಾತ್ರಿ ಅಲ್ಲಿಯ ಬೆಟ್ಟದ ಮಾಳ ಮಲ್ಲೇಶ್ವರನ ಉತ್ಸವಮೂರ್ತಿಯನ್ನು ತಮ್ಮದಾಗಿಸಿಕೊಳ್ಳಲು ಸುತ್ತಣ ಹಳ್ಳಿಗಳವರು ಎರಡು ಪಕ್ಷವಾಗಿ ಉದ್ದನೆಯ ಬಡಿಗೆಗಳಿಂದ ಹೊಡೆದಾಡುತ್ತಾರೆ. ತಲೆಗಳು ಒಡೆಯುತ್ತವೆ, ಕೆಲವು ವರ್ಷ ಜೀವವೂ ಹೋಗುತ್ತದೆ. 2025ರ ದಸರೆಯಲ್ಲೂ ಸಾವು ಸಂಭವಿಸಿತು. ಪೊಲೀಸರದ್ದೂ ಅಲ್ಲಿ ಒಂದು ಆವರ್ತನೆಯೇ. ಹಬ್ಬಕ್ಕೆ ಮೊದಲು ಹಳ್ಳಿಗಳಲ್ಲಿ ಸಭೆ, ಬಡಿಗೆಗಳ ಜಪ್ತಿ, ಕ್ಯಾಮೆರಾ, ಬಂದೋಬಸ್ತು. ಮರುವರ್ಷ ಅದೇ ಬಡಿಗೆ, ಅದೇ ಬಂದೋಬಸ್ತು. ಹಬ್ಬದವರು ಇದು ನಮ್ಮ ಹಿರಿಯರ ವಾಡಿಕೆ ಎನ್ನುತ್ತಾರೆ. ಅಧಿಕಾರಿಗಳು ಶಾಂತಿ ಸುವ್ಯವಸ್ಥೆ ಎನ್ನುತ್ತಾರೆ. ಎರಡೂ ಕಡೆಯವರು ತಮ್ಮ ತಮ್ಮ ಕ್ರಮದ ಹೆಸರಿನಲ್ಲೇ ಮಾತಾಡುತ್ತಾರೆ.

ದೇವರಗಟ್ಟಿನ ಭಕ್ತಿಯನ್ನು ಹಗುರ ಮಾಡುವ ಮನಸ್ಸು ನನಗಿಲ್ಲ. ಮೂರ್ತಿಯನ್ನು ಹೊರುವ ಹೆಗಲಿನ ಹೆಮ್ಮೆ ಏನೆಂದು ಜಾತ್ರೆ ಕಂಡವರಿಗೆ ಗೊತ್ತು. ಕೇಳಬೇಕಾದದ್ದು ಇಷ್ಟೇ: ಆ ರಾತ್ರಿ ಗುಂಪಿನ ನಡುವೆ ಒಬ್ಬ ಹುಡುಗ, ನಾನು ಬಡಿಗೆ ಹಿಡಿಯುವುದಿಲ್ಲ, ಮೂರ್ತಿಯ ಹಿಂದೆ ಸುಮ್ಮನೆ ನಡೆದು ಬರುತ್ತೇನೆ ಎಂದರೆ ಅವನ ಮರ್ಯಾದೆ ಉಳಿಯುತ್ತದೆಯೇ? ಉಳಿಯುವುದಾದರೆ ಆ ವಾಡಿಕೆ ಅವನದ್ದು. ಉಳಿಯದಿದ್ದರೆ ವಾಡಿಕೆಯೇ ಅವನ ಒಡೆಯ. ಹೊರಗಿನವರು ಹೇರಿದರೇ, ಒಳಗಿನವರು ಹೇರಿದರೇ ಎಂಬುದಕ್ಕಿಂತ, ನಿಂತವನಿಗೆ ಜಾಗವಿದೆಯೇ ಎಂಬುದೇ ಹೆಚ್ಚು ಸರಿಯಾದ ಒರೆಗಲ್ಲು. ಪೊಲೀಸರು ಪ್ರತಿ ವರ್ಷ ಸೋಲುವುದಕ್ಕೂ ಇದೇ ಕಾರಣವಿರಬಹುದು. ಹೊರಗಿನಿಂದ ಬಂದ ಕೈ ಬಡಿಗೆಯನ್ನು ಕಸಿದುಕೊಳ್ಳಬಲ್ಲದು. ಬಡಿಗೆಯನ್ನು ಕೆಳಗಿಡಲು ಬೇಕಾದ ಧೈರ್ಯವನ್ನು ಕೊಡಲಾರದು. ಅದನ್ನು ಕೊಡಬಲ್ಲವರು ಪಕ್ಕದಲ್ಲಿ ನಿಂತ ಅಣ್ಣ, ಮನೆಯಲ್ಲಿ ಕಾದಿರುವ ಅವ್ವ.

ಈ ಮಾತನ್ನು ಇಲ್ಲಿಗೇ ಬಿಟ್ಟರೆ ಗಿರಣಿಯವರಿಗೂ ಜಾತ್ರೆಯವರಿಗೂ ಬುದ್ಧಿ ಹೇಳಿ ನಾವು ಪಾರಾದಂತಾಗುತ್ತದೆ. ನಮ್ಮ ಮನೆಗಳ ಮಾತನ್ನೂ ಆಡಬೇಕು. ಅಲ್ಪಸಂಖ್ಯಾತರ ಭಾಷೆ ಬದುಕುವುದೇ ಆವರ್ತನೆಯಿಂದ. ದೊಡ್ಡ ಭಾಷೆಯನ್ನು ಬಸ್ಸಿನ ಫಲಕ, ಕಚೇರಿಯ ಅರ್ಜಿ, ಅಂಗಡಿಯ ಚೀಟಿ ದಿನವೂ ತಾವಾಗಿ ಮರುನುಡಿಯುತ್ತವೆ. ನಮ್ಮ ಭಾಷೆಯನ್ನು ನಾವೇ ನುಡಿಯಬೇಕು. ಆದೋನಿಯ ಮಗು ಶಾಲೆಯಲ್ಲಿ ತೆಲುಗಿನ ಎಕ್ಕಗಳನ್ನು ಒಪ್ಪಿಸಿ ಬಂದು ಮನೆಯಲ್ಲಿ ಎರಡೊಂದ್ಲೆ ಎರಡು ಎಂದು ಕನ್ನಡದ ಮಗ್ಗಿ ಹೇಳುತ್ತದೆ. ಕಾಸರಗೋಡಿನ ಮಗುವಿಗೆ ಇದೇ ಪಾಡು ಮಲೆಯಾಳದೊಡನೆ. 1956ರ ಏಳನೆಯ ತಿದ್ದುಪಡಿಯಿಂದ ಸಂವಿಧಾನಕ್ಕೆ ಸೇರಿದ 350ಎ ವಿಧಿ, ಭಾಷಾ ಅಲ್ಪಸಂಖ್ಯಾತರ ಮಕ್ಕಳಿಗೆ ಪ್ರಾಥಮಿಕ ಹಂತದಲ್ಲಿ ತಾಯ್ನುಡಿಯ ಕಲಿಕೆಗೆ ತಕ್ಕ ಸೌಕರ್ಯ ಒದಗಿಸಲು ಯತ್ನಿಸಬೇಕೆಂದು ರಾಜ್ಯಗಳಿಗೆ ಹೇಳುತ್ತದೆ. 2017ರಲ್ಲಿ ಕೇರಳ ಸರ್ಕಾರ ಶಾಲೆಗಳಲ್ಲಿ ಮಲೆಯಾಳ ಕಲಿಕೆಯನ್ನು ಕಡ್ಡಾಯ ಮಾಡಿದಾಗ ಕಾಸರಗೋಡಿನವರು ಬೀದಿಗಿಳಿದದ್ದನ್ನು ಇಲ್ಲಿಯ ಓದುಗರಿಗೆ ನಾನು ಹೇಳಬೇಕಿಲ್ಲ. ಕಡ್ಡಾಯವೆಂಬ ಮಾತು ಹೊರಗಿನಿಂದ ಬಂದಾಗ ಅದು ನಮಗೆ ಚುಚ್ಚುತ್ತದೆ, ಚುಚ್ಚಬೇಕಾದದ್ದೇ.

ಆದರೆ ಮನೆಯೊಳಗೆ ಅದೇ ಮಾತನ್ನು ನಾವು ಎಷ್ಟು ನಿರಾಳವಾಗಿ ಬಳಸುತ್ತೇವೆ! ಊಟದ ಹೊತ್ತಿಗೆ ಕನ್ನಡವೇ ಆಡು, ಸಂಜೆ ಹತ್ತು ಸಾಲು ಕನ್ನಡ ಬರೆ, ನೆಂಟರ ಮುಂದೆ ಪದ್ಯ ಒಪ್ಪಿಸು. ಪ್ರೀತಿಯಿಂದಲೇ ಹೇಳುತ್ತೇವೆ, ಭಯದಿಂದಲೂ ಹೇಳುತ್ತೇವೆ. ನಾವು ಬಿಟ್ಟರೆ ಹೋಯಿತು ಎಂಬ ಭಯ ಸುಳ್ಳಲ್ಲ. ಆದರೂ ದೊಡ್ಡ ಚಿತ್ರಕ್ಕೆ ಮುಂಚೆ ಬರುತ್ತಿದ್ದ ಸರ್ಕಾರಿ ಚಿತ್ರದಂತೆ ಕನ್ನಡ ನಮ್ಮ ಮಕ್ಕಳಿಗೆ ಕಾಣತೊಡಗಿದರೆ ಅವರು ಏನು ಮಾಡುತ್ತಾರೆಂದು ನಮ್ಮೂರ ಟಾಕೀಸು ನನಗೆ ಕಲಿಸಿದೆ. ಅವರು ವಾದ ಮಾಡುವುದಿಲ್ಲ. ಎದ್ದು ಹೊರಗೆ ಹೋಗುತ್ತಾರೆ. ನನ್ನ ಚಿಕ್ಕಮ್ಮನ ಆ ಮಾತು ನಾಳೆ ನಮ್ಮ ಮೊಮ್ಮಕ್ಕಳ ಬಾಯಲ್ಲಿ ಬರಬಹುದು, ಅದೂ ಬೇರೆ ಭಾಷೆಯಲ್ಲಿ.

ಹಾಗೆಂದು ಆವರ್ತನೆಯನ್ನೇ ಬಿಡುವಂತಿಲ್ಲ. ಬಿಟ್ಟರೆ ಉಳಿಯುವುದೇನು? ದಾರಿ ಏನೆಂದು ಯೋಚಿಸುವಾಗ ನನಗೆ ನೆನಪಾಗುವುದು ನಿಮ್ಮ ಕಡೆಯ ಒಂದು ಉದಾಹರಣೆ. ಕಣ್ಣೂರು, ಕಾಸರಗೋಡು ಸೀಮೆಯ ಬೀಡಿ ಕೆಲಸಗಾರರದ್ದು ಬೆರಳುಗಳ ಆವರ್ತನೆ. ಎಲೆ ಕತ್ತರಿಸಿ, ಹೊಗೆಸೊಪ್ಪು ತುಂಬಿ, ಸುತ್ತಿ, ನೂಲು ಕಟ್ಟುವುದು; ದಿನವಿಡೀ ಇಷ್ಟೇ. ಆದರೆ ಅವರು ತಮ್ಮೊಳಗೇ ಒಬ್ಬನನ್ನು ಓದಲು ಕೂರಿಸುತ್ತಿದ್ದರು. ಅವನು ಗಟ್ಟಿಯಾಗಿ ಪತ್ರಿಕೆ ಓದುವನು, ಕಾದಂಬರಿ ಓದುವನು. ಅವನ ಪಾಲಿನ ಬೀಡಿಯನ್ನು ಉಳಿದವರು ಸುತ್ತಿಕೊಡುವರು. ಬೀಡಿ ಕೆಲಸಗಾರರ ಹೊಸ ಕಾನೂನು ಬಂದಾಗ ಕಂಪೆನಿ ಒಡೆಯರು ಕಣ್ಣೂರಿನ ಶೆಡ್ಡುಗಳನ್ನು ಮುಚ್ಚಿದರು. ಕೆಲಸ ಕಳೆದುಕೊಂಡವರಿಗಾಗಿ 1969ರಲ್ಲಿ ದಿನೇಶ್ ಬೀಡಿ ಸಹಕಾರ ಸಂಘ ಹುಟ್ಟಿದ ಮೇಲೂ ಅಲ್ಲಿ ಈ ಓದು ಮುಂದುವರಿಯಿತು. ಬೆರಳಿನ ಕೆಲಸ ಬದಲಾಗಲಿಲ್ಲ. ಆದರೆ ಕಿವಿ, ಮನಸ್ಸು ತಮ್ಮದಾಗಿಯೇ ಉಳಿದವು. ಏನು ಓದಬೇಕೆಂಬ ಚರ್ಚೆ ಅವರದ್ದು, ಓದಿದ್ದರ ಮೇಲಿನ ಜಗಳ ಅವರದ್ದು, ಓದುವವನ ಕೂಲಿಯೂ ಅವರ ಬೆರಳಿನದೇ. ಮೇಲಿನಿಂದ ಬಂದ ಗಂಭೀರ ದನಿ ಕೇಳಿ ಹೊರಗೆ ನಡೆಯುವ ಜನವೇ, ತಾವು ಕೂರಿಸಿದ ದನಿಗೆ ಇಡೀ ದಿನ ಕಿವಿಗೊಟ್ಟು ಕೂರುತ್ತಾರೆ.

ಗಡಿನಾಡಿನ ಕನ್ನಡ ಮನೆಗಳಿಗೆ ಇದಕ್ಕಿಂತ ಒಳ್ಳೆಯ ಮಾದರಿ ನನಗೆ ಕಾಣದು. ಮಗುವಿಗೆ ದಿನವೂ ಕನ್ನಡ ಓದಿಸೋಣ, ದಿನವೂ ಓದಿ ಹೇಳೋಣ. ಆದರೆ ಯಾವ ಪುಸ್ತಕವೆಂದು ಅದೂ ಆರಿಸಲಿ. ಇವತ್ತು ಬೇಡ ಎಂದರೆ ಇವತ್ತಿಗೆ ನಿಲ್ಲಲಿ, ನಾಳೆ ಬರಲು ಬಾಗಿಲು ತೆರೆದಿರಲಿ. ಅದರ ಕನ್ನಡದಲ್ಲಿ ತೆಲುಗಿನ ಎಳೆಯೋ ಮಲೆಯಾಳದ ಎಳೆಯೋ ಸೇರಿದರೆ ಗಂಟು ಹಾಕಿಕೊಂಡು ನೇಯ್ಗೆ ಮುಂದುವರಿಸೋಣ. ಹಾಗೆ ಮಾಡಿದರೂ ಕೆಲವು ಮಕ್ಕಳು ಹೋಗಬಹುದು. ಒತ್ತಿ ಕೂರಿಸಿದವರೂ ಹೋಗಿದ್ದಾರೆ. ಒಂದು ವ್ಯತ್ಯಾಸವೆಂದರೆ ಅವರಲ್ಲಿ ಮರಳಿ ಬಂದವರು ಕಡಿಮೆ.

ಹಳೆಯ ಟಾಕೀಸಿನ ಯಂತ್ರದ ಒಂದು ಗುಟ್ಟನ್ನು ಹೇಳಿ ಮುಗಿಸುತ್ತೇನೆ. ರೀಲು ಸೆಕೆಂಡಿಗೆ ಇಪ್ಪತ್ತನಾಲ್ಕು ಚೌಕಟ್ಟುಗಳಂತೆ ಓಡುತ್ತದೆ ಎನ್ನುತ್ತೇವೆ. ಆದರೆ ದೀಪದ ಮುಂದೆ ಪ್ರತಿಯೊಂದು ಚೌಕಟ್ಟೂ ಒಂದು ಕ್ಷಣ ಅಲುಗದೆ ನಿಲ್ಲಬೇಕು. ನಿಂತಾಗಲೇ ಬೆಳಕು ಅದರ ಮೂಲಕ ಹಾಯುತ್ತದೆ. ನಿಂತದ್ದರಿಂದಲೇ ತೆರೆಯ ಮೇಲೆ ಮುಖ ಮೂಡುತ್ತದೆ. ನಿಲ್ಲದೆ ಓಡಿದರೆ ತೆರೆಯ ಮೇಲೆ ಬರಿಯ ಮಸುಕು. ಅಷ್ಟೊಂದು ಕಟ್ಟುನಿಟ್ಟಿನ ಯಂತ್ರವನ್ನು ಮಾಡಿದವರು ಕೂಡ ಅದರೊಳಗೆ ನಿಲ್ಲುವುದಕ್ಕೊಂದು ಎಡೆಯಿಟ್ಟಿದ್ದರು. ನಮ್ಮ ಗಿರಣಿಗಳಿಗೂ ಜಾತ್ರೆಗಳಿಗೂ ಮನೆಗಳಿಗೂ ಅಷ್ಟು ಎಡೆಯನ್ನಾದರೂ ನಾವು ಕೇಳಬಹುದು.